ಹೆಜ್ಜೆಯಪ್ಪನ ಹೊಸ್ತಿಲು

ಹಾಸುನಾಡಿನ ನೆಲಕ್ಕೆ ತಳವಿಲ್ಲ. ಕಡಲ ಮೇಲೆ ತೇಲುವ ಜೀವವೊಂದರ ಬೆನ್ನ ಮೇಲೆ ಜನ ಮನೆ ಕಟ್ಟಿಕೊಂಡಿದ್ದಾರೆ. ಅದು ಗಿಡವೂ ಅಲ್ಲ, ಪ್ರಾಣಿಯೂ ಅಲ್ಲ. ಅಣಬೆಯ ಬೇರಿನಂಥ ಬಿಳಿ ಎಳೆಗಳು ಕೋಟಿಗಟ್ಟಲೆ ಹೆಣೆದುಕೊಂಡು ಆದ ದಪ್ಪ ಚಾಪೆ. ಅದನ್ನು ಹಾಸು ಎನ್ನುತ್ತಾರೆ. ಬೆಳಗಿನ ಮಂಜು ಕರಗುವ ಹೊತ್ತಿಗೆ ಹಾಸು ಒಮ್ಮೆ ಉಸಿರೆಳೆದುಕೊಳ್ಳುತ್ತದೆ. ಆಗ ಒಲೆಯ ಮೇಲಿನ ಗಂಜಿ ಒಂದು ಬದಿಗೆ ವಾಲುತ್ತದೆ, ತೊಟ್ಟಿಲು ತಾನಾಗಿ ತೂಗುತ್ತದೆ. ಇಲ್ಲಿಯ ಜನ ನೆಲ ಅಲುಗಿದರೆ ಹೆದರುವವರಲ್ಲ. ಅಲುಗದಿದ್ದರೆ ಎದ್ದು ಕೂರುತ್ತಾರೆ.

ವರ್ಷಕ್ಕೊಮ್ಮೆ ಕಡಲು ಬೆಚ್ಚಗಾದಾಗ ಹಾಸಿನ ಅಂಚು ಸಡಿಲವಾಗುತ್ತದೆ. ಆ ದಿನಗಳಲ್ಲಿ ಅದಕ್ಕೆ ಎಲ್ಲಿರಬೇಕು, ಎಲ್ಲಿರಬಾರದು ಎಂದು ತಿಳಿಸಬೇಕು. ಇಲ್ಲದಿದ್ದರೆ ಮನಸ್ಸು ಬಂದತ್ತ ಹರಡಿ, ತೆಳ್ಳಗಾಗಿ, ಹರಿದುಹೋಗುತ್ತದೆ. ಹಿಂದೊಮ್ಮೆ ಹಾಗೆ ಹರಿದ ವರ್ಷದ ಕಥೆ ಎಲ್ಲರಿಗೂ ಗೊತ್ತು. ಅದಾದ ಮೇಲೆ ಹಿರಿಯರು ಒಂದು ಕಟ್ಟು ಮಾಡಿದರು: ನಾಡಿನ ಸುತ್ತಳತೆ ಹನ್ನೆರಡು ಸಾವಿರ ಹೆಜ್ಜೆ ಮೀರಕೂಡದು. ಅಳೆಯಲು ಒಬ್ಬನೇ ಮನುಷ್ಯ. ಅವನನ್ನು ಹೆಜ್ಜೆಯಪ್ಪ ಎನ್ನುತ್ತಾರೆ. ಅವನು ಮೂರು ದಿನ ಅಂಚಿನ ಮೇಲೆ ನಡೆದು ಎಣಿಸುತ್ತಾನೆ, ಆ ಎಣಿಕೆಯ ಮೇಲೆ ಆ ವರ್ಷದ ನಕ್ಷೆ ಬರೆಯುತ್ತಾರೆ. ಇಲ್ಲಿ ನಕ್ಷೆ ಬರೆಯುವುದೆಂದರೆ ನೆಲಕ್ಕೆ ಅಪ್ಪಣೆ ಕೊಟ್ಟ ಹಾಗೆ.

ಅಪ್ಪಣೆಯನ್ನು ತಲುಪಿಸುವವಳು ಕೇದಗೆ. ನಕ್ಷೆಮನೆಯ ಸೂಜಿಗಾರ್ತಿ, ವಯಸ್ಸು ಮೂವತ್ತು. ಕಿಟಕಿಯಿಲ್ಲದ ಆ ಮನೆಯ ನಡುವೆ ಒಂದು ತೊಟ್ಟಿ, ತೊಟ್ಟಿಯ ನೀರಿನ ಮೇಲೆ ಊಟದೆಲೆಯಷ್ಟಗಲದ ಮರಿಹಾಸು. ಹಾಲಿನ ಕೆನೆಯ ಹಾಗೆ ಮಿನುಗುತ್ತಾ, ಇಡೀ ನಾಡಿನ ಆಕಾರವನ್ನೇ ಹೊತ್ತು ತೇಲುತ್ತಿರುತ್ತದೆ. ಅದರ ಹೊಕ್ಕುಳಿಂದ ಒಂದು ಹುರಿ ಇಳಿದು ಕೆಳಗಿನ ದೊಡ್ಡ ಹಾಸಿನೊಳಗೆ ಸೇರಿಕೊಂಡಿದೆ. ಮರಿಯ ಅಂಚಿಗೆ ಕಹಿನೀರಿನಲ್ಲಿ ಅದ್ದಿದ ಮೂಳೆಸೂಜಿ ಚುಚ್ಚಿದರೆ ಅದು ಅಲ್ಲಿಂದ ಹಿಂದೆ ಸರಿಯುತ್ತದೆ. ಹನ್ನೆರಡು ದಿನದೊಳಗೆ ತಾಯಿಯೂ ಅದೇ ಜಾಗದಿಂದ ಸರಿಯುತ್ತದೆ. ಮೇಲಿನ ಮನೆಗಳು ನೀರಿಗೆ ಹೋಗುತ್ತವೆ. ಸಿಹಿನೀರಿನ ಸೂಜಿಯೂ ಒಂದಿದೆ, ಅದು ಅಂಚನ್ನು ಹೊರಕ್ಕೆ ಕರೆಯುವ ಸೂಜಿ. ಆ ಸಿಹಿನೀರಿನ ಸೋರೆಬುರುಡೆಯ ಬಾಯಿಗೆ ಕಟ್ಟಿದ ಬಟ್ಟೆ ಕೇದಗೆ ಹುಟ್ಟಿದ ವರ್ಷದ್ದು. ಅವಳು ಅದನ್ನು ಬಿಚ್ಚಿಯೇ ಇಲ್ಲ. ಕಹಿನೀರು ಮಾತ್ರ ಚೆನ್ನಾಗಿ ಗೊತ್ತು. ಒಂಬತ್ತು ವರ್ಷದಲ್ಲಿ ನಾಲ್ಕು ಹಟ್ಟಿಗಳನ್ನು ಅವಳ ಕೈಯೇ ಚುಚ್ಚಿ ಕಳಿಸಿದೆ.

ಈ ವರ್ಷ ಹೆಜ್ಜೆಯಪ್ಪ ಬಂದು ನಿಂತು ಎಣಿಕೆ ಹೇಳಿದ: "ಹನ್ನೆರಡು ಸಾವಿರದ ಮುನ್ನೂರ ಹತ್ತು."

ನಕ್ಷೆಮನೆಯ ಹಿರಿಯಳು ಸಂಕವ್ವ, ಹಲ್ಲಿಲ್ಲದ ಬಾಯನ್ನು ಒಮ್ಮೆ ಚಪ್ಪರಿಸಿದಳು. "ಹಾಳಾದ್ದು ಮತ್ತೆ ಬೆಳೆದಿದೆ. ಎಷ್ಟು ಕತ್ತರಿಸಿದರೂ ಆಸೆ ತೀರಲ್ಲ ಇದಕ್ಕೆ." ಮೀನಿನ ಚರ್ಮದ ಮೇಲಿನ ನಕ್ಷೆಯಲ್ಲಿ ಅವಳ ಬೆರಳು ಅಂಚಿನುದ್ದಕ್ಕೂ ತೆವಳಿ ತೆಂಕಣ ತುದಿಯಲ್ಲಿ ನಿಂತಿತು. "ಗೊರಸುಹಟ್ಟಿ. ಸುತ್ತು ಮುನ್ನೂರು ಚಿಲ್ಲರೆ. ಸರಿಹೋಗುತ್ತೆ. ನಾಲ್ಕನೇ ದಿನ ಚುಚ್ಚೋದು. ಕೇದಗೆ, ಕಹಿನೀರು ಕಾಯಿಸಿಡು."

ಕೇದಗೆ ತಲೆಯಾಡಿಸಿದಳು. ಗೊರಸುಹಟ್ಟಿಯಲ್ಲಿ ನಲವತ್ತು ಮನೆ. ಅದರಲ್ಲೊಂದು ಅವಳ ತಂಗಿ ಲಕ್ಕಿಯದು. ಎಣಿಕೆ ಹೇಳಿದ ಹೆಜ್ಜೆಯಪ್ಪ ಒಡ್ಡಯ್ಯ, ಆ ಇಬ್ಬರ ಅಪ್ಪ.

*

ಮನೆಗೆ ಬಂದರೆ ಲಕ್ಕಿ ಆಗಲೇ ಬಂದು ಕೂತಿದ್ದಳು. ಕೇದಗೆ ಮನೆ ಮುಟ್ಟುವುದಕ್ಕಿಂತ ಮೊದಲೇ ಸುದ್ದಿ ಹಟ್ಟಿ ಮುಟ್ಟಿತ್ತಂತೆ. ಮೀನು ಒಣಗಿಸುವವಳು, ಮೈಯೆಲ್ಲ ಹೊಗೆಯ ವಾಸನೆ.

"ಗಂಟು ಮೂಟೆ ಎಲ್ಲಿ?" ಕೇದಗೆ ಕೇಳಿದಳು.

"ತಂದಿಲ್ಲ. ಬರೋದಿಲ್ಲ ಅಂತ ಹೇಳೋಕೆ ಬಂದೆ." ಲಕ್ಕಿ ಸೆರಗಿನಲ್ಲಿ ಕೈ ಒರೆಸಿಕೊಂಡಳು. "ಎಲ್ಲಿಗೆ ಬರ್ಲಿ ಅಕ್ಕಾ? ಈ ಮನೇಲಿ ನೀನು, ಅಪ್ಪ, ಬೂದಕ್ಕ, ಬೂದಕ್ಕನ ಸೊಸೆ, ಅವಳ ಮೂರು ಮಕ್ಕಳು. ಇನ್ನು ನಾನು, ನನ್ನ ಗಂಡ, ಎರಡು ಮಕ್ಕಳು ಬಂದ್ರೆ ಒಬ್ಬರ ಮೇಲೊಬ್ಬರು ಪೇರಿಸ್ಕೊಂಡು ಮಲಗಬೇಕಾ?"

ಅದು ಸುಳ್ಳಲ್ಲ. ಹಟ್ಟಿಗಳು ಹೋದಂತೆಲ್ಲ ಜನ ಒಳಕ್ಕೆ ಬಂದಿದ್ದರು. ಒಂದು ಮನೆಯಲ್ಲಿ ಮೂರು ಒಲೆ, ಒಂದು ಚಾಪೆಗೆ ಎರಡು ಪಾಳಿ. ಮೊದಲ ವರ್ಷ ಜಗಳವಾಡಿದರು, ಆಮೇಲೆ ಒಗ್ಗಿಕೊಂಡರು. ಈಗ ಮದುವೆ ಮಾತುಕತೆಯಲ್ಲಿ ಹುಡುಗಿಯ ಗುಣಕ್ಕಿಂತ ಮೊದಲು ಅವಳು ನಿದ್ದೆಯಲ್ಲಿ ಕಾಲು ಚಾಚುತ್ತಾಳೋ ಇಲ್ಲವೋ ಎಂದು ಕೇಳುತ್ತಾರೆ.

"ಉಳಿದರೆ ಮುಳುಗ್ತೀಯ," ಎಂದಳು ಕೇದಗೆ.

"ಮುಳುಗಿಸೋಳು ನೀನೇ ತಾನೆ? ಯಾವ ಕೈಯಲ್ಲಿ ಚುಚ್ತೀಯ ಹೇಳು, ಎಡಗೈಯೋ ಬಲಗೈಯೋ?"

ಹಿತ್ತಲಲ್ಲಿ ಬೂದಕ್ಕ ನಕ್ಕಳು. ಅದು ಸಂತೋಷದ ನಗುವಲ್ಲ. ಬೂದಕ್ಕ ಹೊಸಕೊನೆ ಎಂಬ ಹಟ್ಟಿಯವಳು. ಎರಡು ವರ್ಷದ ಕೆಳಗೆ ಅದನ್ನು ಚುಚ್ಚಿದಾಗ ಅವಳ ಗಂಡ ಮನೆಬಿಟ್ಟು ಬರಲಿಲ್ಲ. ಹನ್ನೊಂದನೇ ದಿನದವರೆಗೂ ಕಟ್ಟೆಯ ಮೇಲೆ ಕೂತು ಬಲೆ ಹೆಣೆಯುತ್ತಿದ್ದ. ಹನ್ನೆರಡನೇ ದಿನ ಕಟ್ಟೆ ಇರಲಿಲ್ಲ. ಈಗಲೂ ಬೂದಕ್ಕನ ಕನಸಿನಲ್ಲಿ ನೆಲ ಮೇಲೇಳುತ್ತದಂತೆ. ಕಟ್ಟೆ, ಬಲೆ, ಆ ಮನುಷ್ಯ, ಎಲ್ಲವೂ ನೀರು ಸುರಿಸುತ್ತಾ ಮೇಲೆ ಬಂದು ನಿಲ್ಲುತ್ತವಂತೆ. ಎದ್ದ ಮೇಲೆ ಅವಳು ಆ ಕನಸನ್ನು ಎಲ್ಲರಿಗೂ ಹೇಳಿ ಮೀನು ಹಿಡಿಯಲು ಕೂರುತ್ತಾಳೆ.

ಪ್ರತಿ ಮನೆಯ ಹಿತ್ತಲಲ್ಲೂ ಹಾಸನ್ನು ಕೊರೆದು ಮಾಡಿದ ಒಂದು ಮೀನುಬಾವಿ ಇರುತ್ತದೆ. ಹಗ್ಗಕ್ಕೆ ಬುಟ್ಟಿ ಕಟ್ಟಿ ಕಡಲಿಗಿಳಿಸುತ್ತಾರೆ. ಬೂದಕ್ಕ ಹಗ್ಗ ಬಿಡುತ್ತಾ ಬಿಡುತ್ತಾ ಕೊನೆಗೆ ಬೈದಳು.

"ಈ ಸಾರಿನೂ ಎಟುಕ್ತಿಲ್ಲ ಕಣೆ. ಹೋದ ವರ್ಷ ಒಂದು ಮೊಳ ಸೇರಿಸಿದ್ದೆ. ಈಗ ಇನ್ನೊಂದು ಬೇಕು. ನೀರೇನು ಕೆಳಕ್ಕೆ ಹೋಗ್ತಿದೆಯೋ ಏನು ಕರ್ಮವೋ."

"ಸಂಕವ್ವ ಹೇಳ್ತಾರೆ, ಹಾಸಿಗೂ ಬಾವು ಬರುತ್ತಂತೆ," ಎಂದಳು ಲಕ್ಕಿ. "ಹುಷಾರಿಲ್ಲವಂತೆ ಅದಕ್ಕೆ."

ಅಷ್ಟರಲ್ಲಿ ಒಡ್ಡಯ್ಯ ಬಂದ. ಮೂರು ದಿನ ನಡೆದು ಮುಖ ಬಾಡಿತ್ತು, ಸೊಂಟದ ಮೇಲೆ ಒಂದು ಕೈ ಇತ್ತು. ಕಿರಿಮಗಳನ್ನು ನೋಡಿಯೂ ನೋಡದವನ ಹಾಗೆ ಹೊಸ್ತಿಲು ದಾಟಿ, ನೇರವಾಗಿ ಕಾಲು ತೊಳೆಯಲು ಹಿತ್ತಲಿಗೆ ನಡೆದ. ಜೀವಮಾನವೆಲ್ಲ ಎಣಿಸಿದವನಿಗೆ ಮನೆಯೊಳಗೂ ಬಾಯಿ ಸುಮ್ಮನಿರುತ್ತಿರಲಿಲ್ಲ. ತುಟಿಯಲ್ಲೇ ಗುಣುಗುಣು ಎನ್ನುತ್ತಾ ಹೋಗಿ ಬಾವಿಯ ಕಟ್ಟೆ ಮುಟ್ಟಿ ನಿಂತ: "ಹತ್ತು."

ಕೇದಗೆಯ ಕೈಯಲ್ಲಿದ್ದ ತಂಬಿಗೆ ಅಲ್ಲೇ ನಿಂತಿತು.

ಚಿಕ್ಕವಳಿದ್ದಾಗ ಅವಳು ಅಪ್ಪನ ಹೆಗಲ ಮೇಲೆ ಕೂತು ಇದೇ ದಾರಿಯಲ್ಲಿ ಎಣಿಸುವುದನ್ನು ಕಲಿತಿದ್ದಳು. ಅವಳಿಗೆ ಬಹಳ ದಿನ ಒಂಬತ್ತರ ಮುಂದಿನ ಸಂಖ್ಯೆಯೇ ಗೊತ್ತಿರಲಿಲ್ಲ. ಒಂಬತ್ತಕ್ಕೆ ಬಾವಿ ಬಂದುಬಿಡುತ್ತಿತ್ತು.

*

ಮರುದಿನ ಬೆಳಿಗ್ಗೆ ಕೇದಗೆ ನಕ್ಷೆಮನೆಯ ಅಟ್ಟ ಹತ್ತಿದಳು. ಅಲ್ಲಿ ವರ್ಷಕ್ಕೊಂದರಂತೆ ನಕ್ಷೆಯ ಚರ್ಮಗಳು ಸುರುಳಿಯಾಗಿ ಮಲಗಿದ್ದವು. ಒಂದೊಂದನ್ನೇ ಇಳಿಸಿ ತೊಟ್ಟಿಯ ಬೆಳಕಿನಲ್ಲಿ ಹರಡಿದಳು. ಹರಡಿದಂತೆಲ್ಲ ನಾಡು ಅವಳ ಮುಂದೆ ಉಸಿರಾಡತೊಡಗಿತು. ವರ್ಷಗಳು ಒಂದರ ಮೇಲೊಂದು ಸರಿದಾಗ ಅಂಚು ಅಗಲವಾಗಿ, ನಿಧಾನವಾಗಿ ಕುಗ್ಗಿ, ಥಟ್ಟನೆ ಮತ್ತೆ ಅಗಲವಾಯಿತು. ಮತ್ತೆ ನಿಧಾನವಾಗಿ ಕುಗ್ಗಿತು. ಇಷ್ಟು ದೊಡ್ಡ ಉಸಿರನ್ನು ಒಂದೇ ಆಯಸ್ಸಿನಲ್ಲಿ ಯಾರೂ ಪೂರ್ತಿ ಕಂಡಿರಲಾರರು.

ಅಗಲವಾದ ವರ್ಷಗಳನ್ನು ಅವಳು ಗುರುತು ಮಾಡಿಕೊಂಡಳು. ಪ್ರತಿಸಲವೂ ಅದು ಹೊಸ ಹೆಜ್ಜೆಯಪ್ಪ ಬಂದ ವರ್ಷ.

ಅವಳ ಅಪ್ಪನದೂ ಹಾಗೆಯೇ. ಮೂವತ್ತೊಂದು ವರ್ಷದ ಕೆಳಗೆ, ಆಗ ಒಡ್ಡಯ್ಯ ನೀರುಹಕ್ಕಿಯ ಹಾಗೆ ಉದ್ದ ಕಾಲಿನ ಹುಡುಗ. ಮೊದಲ ನಡಿಗೆಯಲ್ಲೇ ಎಣಿಕೆ ಹನ್ನೊಂದು ಸಾವಿರಕ್ಕಿಳಿಯಿತು. ನಾಡಿಗೆ ಸಾವಿರ ಹೆಜ್ಜೆಯ ನೆಲ ಸಿಕ್ಕಿತೆಂದು ಜನ ಕುಣಿದರು. ಸಂಕವ್ವ ಸಿಹಿನೀರಿನ ಸೂಜಿ ಹಿಡಿದು ಮರುವರ್ಷದೊಳಗೆ ಹೊಸಕೊನೆ ಮೊದಲಾದ ನಾಲ್ಕು ಹಟ್ಟಿಗಳನ್ನು ಹೊರಕ್ಕೆ ಕರೆದಳು. ಒಡ್ಡಯ್ಯನ ಕಾಲ್ಗುಣ ಎಂದರು. ಬಾಣಂತಿಯರು ಕೂಸುಗಳನ್ನು ತಂದು ಅವನ ಕಾಲಿಗೆ ಮುಟ್ಟಿಸಿಕೊಂಡು ಹೋಗುತ್ತಿದ್ದರು.

ಕಾಲ್ಗುಣವಲ್ಲ, ಬರೀ ಕಾಲು. ಉದ್ದ ಕಾಲಿನ ಹುಡುಗ ನಡೆದರೆ ಹೆಜ್ಜೆ ಕಡಿಮೆ, ನಾಡು ಚಿಕ್ಕದಾಗಿ ಕಾಣುತ್ತದೆ. ಅವನೇ ಮುದುಕನಾಗಿ ನಡೆದರೆ ಹೆಜ್ಜೆ ಜಾಸ್ತಿ, ನಾಡು ಬೆಳೆದ ಹಾಗೆ ಕಾಣುತ್ತದೆ. ಬೆಳೆದಿದೆ ಎಂದು ಕತ್ತರಿಸುತ್ತಾರೆ. ಹಾಸಿನ ಆಸೆ, ಹಾಸಿನ ಹಾಳುಬುದ್ಧಿ ಎಂದು ಬೈಯುತ್ತಾ ಕತ್ತರಿಸುತ್ತಾರೆ. ಅದು ಪಾಪ, ಹೊರಗೆ ಚಾಚಲು ಬಿಡದ ಮೈಯನ್ನು ಒಳಗೇ ಮಡಚಿಕೊಂಡು ದಪ್ಪವಾಗುತ್ತಾ ಬಂದಿದೆ. ಅದಕ್ಕೇ ಬೂದಕ್ಕನ ಹಗ್ಗ ಎಟುಕುತ್ತಿಲ್ಲ.

ಕೇದಗೆ ತೊಟ್ಟಿಗೆ ಕೈಯಿಳಿಸಿ ಮರಿಹಾಸಿನ ಅಂಚನ್ನು ಹೆಬ್ಬೆರಳು ತೋರುಬೆರಳಿನ ನಡುವೆ ಹಿಡಿದು ನೋಡಿದಳು. ಕೆಲಸಕ್ಕೆ ಸೇರಿದ ದಿನ ಅದು ದೋಸೆಯಷ್ಟು ತೆಳ್ಳಗಿತ್ತು. ಈಗ ರೊಟ್ಟಿಗಿಂತ ದಪ್ಪ. ದಿನಾ ಮುಟ್ಟುವ ಕೈಗೆ ಅದು ತಿಳಿದಿರಲಿಲ್ಲ.

ಸಂಕವ್ವನ ಮುಂದೆ ಎಲ್ಲವನ್ನೂ ಹೇಳಿದಳು. ಮುದುಕಿ ಕಣ್ಣುಮುಚ್ಚಿ ಕೇಳಿದಳು.

"ಹೆಜ್ಜೆಯಪ್ಪನ ಹೆಜ್ಜೆಯನ್ನು ಅಳೆಯೋ ಹಾಗಿಲ್ಲ. ಅವನೇ ಅಳತೆ. ಅಳತೆಯನ್ನು ಯಾತರಿಂದ ಅಳೀತೀಯ?"

"ಅಳೆಯದೇ ಇದ್ರೆ ಗೊರಸುಹಟ್ಟಿ ಹೋಗುತ್ತೆ ಅವ್ವಾ. ಮುಂದಿನ ವರ್ಷ ಇನ್ನೊಂದು."

"ನಿನ್ನ ಲೆಕ್ಕ ತಪ್ಪಾಗಿದ್ರೆ? ಚುಚ್ಚದೆ ಬಿಟ್ಟು ಹಾಸು ಹರಿದ್ರೆ? ನಲವತ್ತು ಮನೆ ಹೋಗೋದು ಬೇಕಾ, ಎಲ್ಲಾ ಹೋಗೋದು ಬೇಕಾ?" ಸಂಕವ್ವ ಕಣ್ಣು ತೆರೆದಳು. "ಅಲ್ಲದೆ, ಹೋಗೋದು ನಿನ್ನ ತಂಗಿ ಮನೆ. ಹೊಸಕೊನೆ ಚುಚ್ಚೋವಾಗ ನಿನಗೆ ಈ ಬುದ್ಧಿ ಬರಲಿಲ್ಲವಲ್ಲ ಅಂತ ಜನ ಕೇಳ್ತಾರೆ. ಏನು ಹೇಳ್ತೀಯ?"

ಕೇದಗೆ ಹರಡಿದ್ದ ಚರ್ಮಗಳನ್ನು ಒಂದೊಂದಾಗಿ ಸುರುಳಿ ಸುತ್ತತೊಡಗಿದಳು. ಆ ಮಾತು ನಿಜವಾಗಿತ್ತು.

*

ಮಧ್ಯಾಹ್ನ ಮನೆಯಲ್ಲಿ ಅಪ್ಪ ಒಬ್ಬನೇ ಇದ್ದ. ಬಾಗಿಲಲ್ಲಿ ಕೂತು ಸೊಂಟಕ್ಕೆ ಮೀನೆಣ್ಣೆ ತಿಕ್ಕಿಕೊಳ್ಳುತ್ತಿದ್ದ. ಕೇದಗೆ ಅವನ ಎದುರು ನಿಂತು ಹೊಸ್ತಿಲನ್ನು ನೋಡಿದಳು.

ಮರ ಕಾಣದ ನಾಡು ಅದು. ಕಡಲು ಯಾವಾಗಲೋ ತಂದು ಎಸೆಯುವ ದಿಮ್ಮಿಯೇ ಗತಿ. ಉಳಿದೆಲ್ಲರ ಬಾಗಿಲಿಗೆ ಜೊಂಡಿನ ಕಟ್ಟು, ಹೆಜ್ಜೆಯಪ್ಪನ ಬಾಗಿಲಿಗೆ ಮಾತ್ರ ಮರದ ಹೊಸ್ತಿಲು. ಅವನನ್ನು ಆರಿಸಿದ ದಿನ ಒದ್ದೆ ಸುಣ್ಣದ ಮೇಲೆ ಒಂದು ಹೆಜ್ಜೆ ನಡೆಸಿ, ಹಿಮ್ಮಡಿಯಿಂದ ಹಿಮ್ಮಡಿಗೆ ಸರಿಯಾಗಿ ಅಷ್ಟೇ ಉದ್ದದ ಮರ ಕತ್ತರಿಸಿ ಮನೆಗೆ ಕೂರಿಸುತ್ತಾರೆ. ಮರ್ಯಾದೆಗೆಂದು ಕೊಡುವುದು. ಅದರಿಂದ ಏನನ್ನಾದರೂ ಅಳೆಯಬಹುದೆಂದು ಯಾರಿಗೂ ಹೊಳೆದಿರಲಿಲ್ಲ. ಮರವನ್ನು ದಾಟುತ್ತಾರೆ, ಅರಿಶಿನ ಹಚ್ಚುತ್ತಾರೆ, ಅಷ್ಟೆ. ಮೂವತ್ತು ವರ್ಷ ಕೇದಗೆಯೂ ಅಷ್ಟೇ ಮಾಡಿದ್ದಳು.

"ಅಪ್ಪಾ, ಎದ್ದು ಇದರ ಪಕ್ಕ ಒಂದು ಹೆಜ್ಜೆ ಇಡು."

ಒಡ್ಡಯ್ಯ ಎಣ್ಣೆಯ ಕೈಯನ್ನು ಒರೆಸಿಕೊಂಡ. ಏಕೆ ಎಂದು ಕೇಳಲಿಲ್ಲ. ಏಳಲೂ ಇಲ್ಲ.

"ನಾಲ್ಕು ಬೆರಳು," ಎಂದ. "ಮರ ನಲವತ್ತು, ನನ್ನ ಹೆಜ್ಜೆ ಅದಕ್ಕೆ ನಾಲ್ಕು ಕಮ್ಮಿ. ನೋಡಿದ್ದೀನಿ."

"ಯಾವಾಗ?"

"ಹೊಸಕೊನೆ ಹೋದ ಮೇಲೆ. ಬೂದಕ್ಕ ಗಂಟು ತಗೊಂಡು ಈ ಹೊಸ್ತಿಲ ಮೇಲೆ ಕೂತಿದ್ಲು. ಅವಳನ್ನ ಒಳಕ್ಕೆ ಕರೆಯೋಕೆ ಅಂತ ಮರದ ಪಕ್ಕದಲ್ಲೇ ಈ ತುದಿಯಿಂದ ಆ ತುದಿಗೆ ಕಾಲು ಎತ್ತಿಟ್ಟೆ. ಹಿಮ್ಮಡಿ ಮರದ ತುದಿ ಮುಟ್ಟಲಿಲ್ಲ."

"ಎರಡು ವರ್ಷ!" ಎಂದಳು ಕೇದಗೆ. "ಎರಡು ವರ್ಷ ಸುಮ್ಮನಿದ್ಯಲ್ಲ?"

"ಆಗಲೇ ನಾಲ್ಕು ಹಟ್ಟಿ ಹೋಗಿದ್ವು. ನಾನು ಬಾಯಿ ಬಿಟ್ರೆ ಎದ್ದು ಬರ್ತಿದ್ವಾ?" ಅವನು ಮುಖವನ್ನು ಅತ್ತ ತಿರುಗಿಸಿಕೊಂಡ. "ದೊಡ್ಡದಾಗಿ ಇಟ್ಟು ಸರಿಮಾಡ್ತೀನಿ ಅಂದ್ಕೊಂಡೆ. ಹೋದ ವರ್ಷ ಹೇಗೋ ಎಳೆದೆ. ಎಣಿಕೆ ಹನ್ನೆರಡು ಸಾವಿರದೊಳಗೇ ನಿಂತಿತು, ಯಾವ ಹಟ್ಟಿಯೂ ಹೋಗಲಿಲ್ಲ. ಈ ವರ್ಷ ಮೊದಲ ದಿನವೇ ಸೊಂಟ ಹಿಡ್ಕೊಳ್ತು. ಬಲವಂತ ಮಾಡಿದೆ. ಆಗಲಿಲ್ಲ ಮಗಾ."

ಹಾಸು ಒಮ್ಮೆ ಮೆಲ್ಲಗೆ ಏರಿ ಇಳಿಯಿತು. ಅಪ್ಪ, ಮಗಳು, ಹೊಸ್ತಿಲು ಮೂರೂ ಅದರೊಂದಿಗೆ ಏರಿ ಇಳಿದವು.

"ನಾನು ಚುಚ್ಚಿದ ಹಾಗೆ ಮಾಡಿ ಬಿಟ್ಟುಬಿಡ್ತೀನಿ," ಎಂದಳು ಕೇದಗೆ. "ಬರೀ ನೀರಲ್ಲಿ ಸೂಜಿ ಅದ್ದಿದರೆ ಯಾರಿಗೂ ಗೊತ್ತಾಗಲ್ಲ. ನಿನ್ನ ಹೆಸರೂ ಉಳಿಯುತ್ತೆ."

"ಮುಂದಿನ ವರ್ಷ?"

ಕೇದಗೆ ಹೊಸ್ತಿಲ ಮೇಲಿನ ಅರಿಶಿನವನ್ನು ಉಗುರಿನಿಂದ ಕೆರೆದಳು.

"ಆಮೇಲೆ ನನ್ನ ಜಾಗಕ್ಕೆ ಒಬ್ಬ ಉದ್ದ ಕಾಲಿನವನು ಬರ್ತಾನೆ. ಅವನದ್ದೂ ಕಾಲ್ಗುಣ ಅಂತಾರೆ." ಒಡ್ಡಯ್ಯ ಎಣ್ಣೆಯ ಚಿಪ್ಪನ್ನು ಬದಿಗಿಟ್ಟ. "ಹೋಗು. ಕಹಿನೀರು ಕಾಯಿಸು ಅಂದಿದ್ರಲ್ಲ, ಕಾಯಿಸು."

*

ನಾಲ್ಕನೇ ದಿನ, ಮಂಜು ಕರಗುವ ಹೊತ್ತು. ನಕ್ಷೆಮನೆಯ ಗೋಡೆಯ ಜೊಂಡನ್ನು ಸುತ್ತಲೂ ಬಿಚ್ಚಿ, ತೊಟ್ಟಿ ಎಲ್ಲರಿಗೂ ಕಾಣುವಂತೆ ಮಾಡಿದ್ದರು. ಹೊರಗೆ ಜನ ಮಂಜಿನೊಳಗೆ ಸೊಂಟದವರೆಗೆ ಮುಳುಗಿ ನಿಂತ ಹಾಗೆ ಕಾಣುತ್ತಿದ್ದರು. ಗೊರಸುಹಟ್ಟಿಯವರು ಗಂಟುಗಳ ಸಮೇತ ಬಂದಿದ್ದರು. ಲಕ್ಕಿ ಗಂಟಿಲ್ಲದೆ ಬಂದಿದ್ದಳು.

ಪದ್ಧತಿಯಂತೆ ಹೆಜ್ಜೆಯಪ್ಪ ತೊಟ್ಟಿಯ ಬಳಿ ನಿಂತು ಎಣಿಕೆಯನ್ನು ಮೂರು ಸಲ ಕೂಗಬೇಕು. ಮೂರನೆಯ ಕೂಗಿಗೆ ಸೂಜಿ ಇಳಿಯಬೇಕು. ಕೇದಗೆ ಎರಡೂ ಸೂಜಿಗಳನ್ನು ಮುಂದಿಟ್ಟುಕೊಂಡು ಕಾದಳು. ಅವನ ಸುಳಿವಿಲ್ಲ. ಸಂಕವ್ವ ಗೊಣಗತೊಡಗಿದಳು.

ಆಮೇಲೆ ಮಂಜಿನೊಳಗಿಂದ ಒಡ್ಡಯ್ಯ ಬಂದ. ಹೆಗಲ ಮೇಲೆ ಮನೆಯ ಹೊಸ್ತಿಲಿತ್ತು. ಕಿತ್ತ ಕಡೆ ಸುಣ್ಣ ಇನ್ನೂ ಅಂಟಿಕೊಂಡಿತ್ತು.

ಅವನು ಕೂಗಲಿಲ್ಲ. ಮರವನ್ನು ನೆಲಕ್ಕಿಟ್ಟ. ಒಂದು ಹಿಮ್ಮಡಿಯನ್ನು ಅದರ ತುದಿಗೆ ಸರಿಯಾಗಿ ಒತ್ತಿ, ಇನ್ನೊಂದು ಕಾಲನ್ನು ಚಾಚಿದ. ನೋವಿಗೆ ಹಣೆಯ ನರ ಎದ್ದಿತು. ಕಾಲು ಇಳಿಯಿತು. ಹಿಮ್ಮಡಿಗೂ ಮರದ ತುದಿಗೂ ನಡುವೆ ನಾಲ್ಕು ಬೆರಳಿನ ಬಿಳಿ ಮರ ಎಲ್ಲರ ಕಣ್ಣಿಗೂ ಕಂಡಿತು.

"ನೆಲ ಬೆಳೆದಿಲ್ಲ," ಎಂದ. "ನಾನು ಕುಗ್ಗಿದ್ದೀನಿ. ಹತ್ತು ಹೆಜ್ಜೆ ಇಟ್ಟ ಕಡೆ ಒಂಬತ್ತೇ ಇರೋದು. ನಾಲ್ಕು ಹಟ್ಟಿ ಸುಮ್ಮಸುಮ್ಮನೆ ಹೋದ್ವು. ಎರಡು ವರ್ಷದಿಂದ ನನಗೆ ಗೊತ್ತು."

ಬೂದಕ್ಕ ಗುಂಪನ್ನು ಸೀಳಿಕೊಂಡು ಬಂದು ಮರದ ಮುಂದೆ ಕುಕ್ಕರಿಸಿದಳು. ಆ ಖಾಲಿ ಜಾಗದ ಮೇಲೆ ತನ್ನ ನಾಲ್ಕು ಬೆರಳನ್ನು ಇಟ್ಟಳು. ಸರಿಯಾಗಿ ಕೂತವು.

"ಇಷ್ಟೇನಾ?" ಎಂದಳು. "ಇಷ್ಟಕ್ಕಾ ಅವನು ಹೋಗಿದ್ದು?" ತಲೆಯೆತ್ತಿ ಒಡ್ಡಯ್ಯನನ್ನು ನೋಡಿದಳು. "ನನ್ನ ಮೊಮ್ಮಕ್ಕಳು ಹುಟ್ಟಿದಾಗ ತಂದು ನಿನ್ನ ಕಾಲಿಗೆ ಮುಟ್ಟಿಸಿದ್ದೆನಲ್ಲೋ. ಥೂ ನಿನ್ನ ಕಾಲ್ಗುಣಕ್ಕೆ!"

ಒಡ್ಡಯ್ಯ ಕಾಲನ್ನು ಹಿಂದಕ್ಕೆ ತೆಗೆದುಕೊಳ್ಳಲಿಲ್ಲ. ಹಾಗೆಯೇ ಚಾಚಿ ನಿಂತಿದ್ದ.

"ಹನ್ನೆರಡು ಸಾವಿರ ಅಂತ ಕಟ್ಟು ಮಾಡಿದ್ದು ಯಾರ ಕಾಲಲ್ಲಿ?" ಸಂಕವ್ವ ತೊಟ್ಟಿಯ ಅಂಚಿಗೆ ಕೈಯೂರಿ ಎದ್ದಳು. "ಉದ್ದ ಕಾಲಿನವನೋ ಗಿಡ್ಡ ಕಾಲಿನವನೋ? ಯಾರಿಗೆ ಗೊತ್ತು? ಈ ಮರ ನಂಬಿ ನಾಡು ಹರಿದ್ರೆ?"

"ಮರ ಒಂದನ್ನೇ ನಂಬೋದು ಬೇಡ ಅವ್ವಾ. ಹಗ್ಗ ಕೇಳೋಣ," ಎಂದಳು ಕೇದಗೆ. "ನಿಮ್ಮ ನಿಮ್ಮ ಮೀನುಬಾವಿಗೆ ಹತ್ತು ವರ್ಷದಲ್ಲಿ ಎಷ್ಟು ಹಗ್ಗ ಸೇರಿಸಿದ್ದೀರಿ, ಹೇಳಿ."

ಮಂಜಿನೊಳಗಿಂದ ಒಂದು ಹೆಂಗಸಿನ ಧ್ವನಿ ಬಂತು: "ಐದು ಮೊಳ." ಇನ್ನೊಂದು: "ನಮ್ಮದು ಆರು." ಆಮೇಲೆ ಎಲ್ಲ ಕಡೆಯಿಂದ ಬಂದವು. ಕಡಿಮೆ ಮಾಡಿದ ಮನೆ ಒಂದೂ ಇರಲಿಲ್ಲ. ದಿನಾ ಹಗ್ಗ ಹಿಡಿಯುವ ಕೈಗಳಿಗೆಲ್ಲ ಗೊತ್ತಿದ್ದ ಸಂಗತಿ, ಒಟ್ಟಿಗೆ ಕೇಳಿದವರಿರಲಿಲ್ಲ.

"ಹಿಂದೆ ಹರಿದದ್ದು ತೆಳ್ಳಗಾಗಿದ್ದಕ್ಕೆ," ಎಂದಳು ಕೇದಗೆ. "ಈಗ ನಾವು ನಿಂತಿರೋದು ಮಡಚಿಟ್ಟ ನೆಲದ ಮೇಲೆ. ಸ್ವಲ್ಪ ಸ್ವಲ್ಪ ಬಿಚ್ಚೋಣ. ವರ್ಷಕ್ಕೊಂದು ಹಟ್ಟಿ. ಪ್ರತಿಸಲ ಹಗ್ಗ ಹಾಕಿ ನೋಡೋಣ. ಹಗ್ಗ ಉಳಿಯೋಕೆ ಶುರುವಾದ್ರೆ ನಿಲ್ಲಿಸೋಣ."

ಸಂಕವ್ವ ಬಾಗಿ, ಮರದ ಮೇಲಿನ ಆ ನಾಲ್ಕು ಬೆರಳಿನ ಜಾಗವನ್ನು ತಾನೂ ಮುಟ್ಟಿ ನೋಡಿದಳು. ಕೊನೆಗೆ ಸಿಹಿನೀರಿನ ಬುರುಡೆಯನ್ನು ತಾನೇ ಎಳೆದುಕೊಂಡು, ಮೂವತ್ತು ವರ್ಷದ ಗಂಟನ್ನು ಒಸಡಿನಲ್ಲಿ ಕಚ್ಚಿ ಎಳೆದಳು. ಬಿಚ್ಚಲಿಲ್ಲ. ಲಕ್ಕಿ ಮೀನು ಸೀಳುವ ಚೂರಿ ಕೊಟ್ಟಳು. ಬಟ್ಟೆ ಹರಿಯಿತು. ಎಳೆಬೆಲ್ಲದಂಥ ವಾಸನೆಯೊಂದು ಮಂಜಿನೊಳಗೆ ಹರಡಿಕೊಂಡಿತು. ವಯಸ್ಸಾದವರು ಗುರುತು ಹಿಡಿದು ಮುಖ ಎತ್ತಿದರು.

ಕೇದಗೆ ಸೂಜಿ ಅದ್ದಿ, ಹೊಸಕೊನೆ ಇದ್ದ ಜಾಗದ ಎದುರಿಗೆ ಚುಚ್ಚಿದಳು. ಕಹಿನೀರಿಗೆ ಮರಿಹಾಸು ಬೆಚ್ಚಿಬೀಳುತ್ತಿದ್ದುದನ್ನು ಮಾತ್ರ ಅವಳು ಕಂಡಿದ್ದಳು. ಈಗ ಅದು ಮೊದಲು ಸುಮ್ಮನಿತ್ತು. ಆಮೇಲೆ ನಿದ್ದೆಯಲ್ಲಿರುವ ಮಗು ಮುಷ್ಟಿ ಸಡಿಲಿಸಿದ ಹಾಗೆ ಅಂಚು ಮೆಲ್ಲನೆ ಬಿಚ್ಚಿಕೊಂಡಿತು. ಕೂದಲಿಗಿಂತ ಸಣ್ಣ ಬಿಳಿ ಎಳೆಗಳು ನೀರನ್ನು ಮುಟ್ಟಿ ನೋಡುತ್ತಾ ಹೊರಗೆ ಹೊರಟವು.

"ನೆಲ ಬರುತ್ತೆ. ಅವನು ಬರಲ್ಲ," ಎಂದಳು ಬೂದಕ್ಕ, ಯಾರಿಗೂ ಅಲ್ಲದ ಹಾಗೆ. ಎದ್ದು ನಿಂತು ಗಟ್ಟಿಯಾಗಿ ಸೇರಿಸಿದಳು: "ಮೊದಲ ಮನೆ ನಂದು. ಈಗಲೇ ಹೇಳಿರ್ತೀನಿ. ಆಮೇಲೆ ಯಾರೂ ತಕರಾರು ತೆಗೀಬಾರದು."

ಯಾರೂ ತೆಗೆಯಲಿಲ್ಲ. ಹೊಸ್ತಿಲನ್ನು ನಕ್ಷೆಮನೆಯಲ್ಲೇ ಇಟ್ಟುಕೊಂಡರು. ಇನ್ನು ಮುಂದೆ ಅದನ್ನು ತುದಿಯಿಂದ ತುದಿಗೆ ಮಗುಚುತ್ತಾ ಅಳೆಯುವುದೆಂದಾಯಿತು. ಹೆಜ್ಜೆಯಪ್ಪ ಎಂಬ ಹೆಸರು ಆ ದಿನಕ್ಕೆ ಮುಗಿಯಿತು. ಗೊರಸುಹಟ್ಟಿಯವರು ಗಂಟು ಎತ್ತಿಕೊಂಡು ಮನೆಗೆ ಹೋದರು. ಹೋಗುವಾಗ ಒಡ್ಡಯ್ಯನನ್ನು ಯಾರೂ ಮಾತಾಡಿಸಲಿಲ್ಲ. ಲಕ್ಕಿ ಮಾತ್ರ ಅವನ ಪಕ್ಕದಲ್ಲಿ ಒಂದು ಗಳಿಗೆ ನಿಂತು, ಸೆರಗಿನಲ್ಲಿದ್ದ ಒಣಮೀನಿನ ಪೊಟ್ಟಣವನ್ನು ಅವನ ಕೈಗಿಟ್ಟು ಹೋದಳು.

ಅಪ್ಪ ಮಗಳು ಮನೆಗೆ ಬಂದಾಗ ಬಿಸಿಲು ಏರಿತ್ತು. ಬಾಗಿಲಲ್ಲಿ ಹೊಸ್ತಿಲಿದ್ದ ಕಡೆ ಬರೀ ಗುಳಿ. ಒಡ್ಡಯ್ಯ ಅದರ ಮುಂದೆ ಬಂದು, ಮೂವತ್ತೊಂದು ವರ್ಷದ ರೂಢಿಯಂತೆ ಕಾಲನ್ನು ಮೇಲಕ್ಕೆತ್ತಿದ. ಇಲ್ಲದ ಮರವನ್ನು ಜೋಪಾನವಾಗಿ ದಾಟಿ ಒಳಗೆ ಹೆಜ್ಜೆಯಿಟ್ಟ. ಹಿತ್ತಲವರೆಗೂ ನಡೆದ. ಅವನ ತುಟಿಗಳು ಅಲುಗಲಿಲ್ಲ.

ಬಾವಿಯ ಕಟ್ಟೆ ಮುಟ್ಟಿ, ಬೆನ್ನು ತಿರುಗಿಸಿಕೊಂಡೇ ಕೇಳಿದ: "ಎಷ್ಟಾಯ್ತು?"

ಕೇದಗೆ ಎಣಿಸಿದ್ದಳು.

"ಹತ್ತು," ಎಂದಳು.

"ಹ್ಞೂಂ," ಎಂದ ಒಡ್ಡಯ್ಯ. ಬುಟ್ಟಿ ಇಳಿಸಿ, ಹಗ್ಗ ಬಿಡತೊಡಗಿದ.